ಕಾಲ ನಿಲ್ಲಿಸುವ ಕಥೆಗಳ ಅನುವಾದಕರು

ಶನಿವಾರ ಬೆಳಿಗ್ಗೆ ಉಪ್ಪಿಟ್ಟು ಕೆದಕಿ ಇಳಿಸಿ, ಪಕ್ಕದ ಮನೆಗೂ ಒಂದು ಬಟ್ಟಲು ಒಯ್ದೆ. ನಲವತ್ತು ದಾಟಿದ ಧಾರವಾಡದ ಆ ಬ್ರಹ್ಮಚಾರಿ ಜಪಾನಿನ ವಯಸ್ಕರ ವಿಡಿಯೋ ಆಟಗಳ ಕಥೆಗಳನ್ನು ಇಂಗ್ಲಿಷಿಗೆ ತರುತ್ತಿದ್ದರು. ಅಂದಿನ ಕಥೆಯಲ್ಲಿ ನಾಯಕ ಗಡಿಯಾರದ ಗುಂಡಿ ಒತ್ತಿದರೆ ಲೋಕವೇ ನಿಂತುಬಿಡುತ್ತಿತ್ತು, ಹೆಂಗಸರೂ ಸಹ.

"ಛೀ, ಇದನ್ನ ಯಾರು ಇಷ್ಟಪಡ್ತಾರೆ?" ಎಂದೆ.

ಎಂದಿನಂತೆ ಕನ್ನಡಕ ಒರೆಸಿಕೊಂಡು, "ಹಂಗಲ್ರೀ ಅಕ್ಕಾರ, ಅಂಜುಬುರುಕರಿಗೆ ಬೇಕಾಗ್ತದ. ನಿಂತಾಕಿ ಒಲ್ಲೆ ಅನ್ನಾಂಗಿಲ್ಲ ನೋಡ್ರಿ," ಎಂದರು. ಆಮೇಲೆ ಮೆಲ್ಲಗೆ, "ಗುಡ್ಯಾಗ ಪ್ರತಿ ಶನಿವಾರ ಒಬ್ರು ಹಲ್ಲಿನ ಡಾಕ್ಟರಮ್ಮ ಸಿಗ್ತಾರ್ರಿ, ಇವತ್ತ ಅವರಿಗೆ ನನ್ನ ಮದುವಿ ಆಗ್ತೀರೇನು ಅಂತ ಕೇಳಾಂವ ಅದೀನ್ರಿ," ಎಂದರು. 

ಸಂಜೆ ನಾನು ಗಿಡಗಳಿಗೆ ನೀರು ಹಾಕುತ್ತಿದ್ದಾಗ ಅವರು ಕ್ಯಾಲಬಾಸಸ್‌ನ ಗುಡಿಯಿಂದ ಮರಳಿದರು. ಕಾರಿನ ಬಾಗಿಲು ಹಾಕುತ್ತಲೇ ಹೇಳಿದರು: "ಒಲ್ಲೆ ಅಂದ್ರು, ಅಕ್ಕಾರ. ಆದ್ರ ಒಂದು ತಾಸು ಎಷ್ಟ್ ಚಂದ ಮಾತಾಡಿದ್ರು ಅಂತೀರಿ!"