ಊಟ ಹಾಕಿ ಹೇಳುವ ಸುದ್ದಿ

ನಾನು ಲೆಫ್ಟ್ ಬ್ಯಾಕ್. ಆಟ ಬಿಟ್ಟು ವರ್ಷಗಳೇ ಆದರೂ ಯಾರಾದರೂ ಪರಿಚಯ ಕೇಳಿದರೆ ಬಾಯಿಗೆ ಮೊದಲು ಬರುವುದು ಇದೇ. ಈಗಿನ ಕೆಲಸದ ಹೆಸರು ನೆನಪಾಗಲು ಸ್ವಲ್ಪ ಹೊತ್ತು ಬೇಕು. ಕೆಲಸವೇನೋ ದೊಡ್ಡದೇ. ಮುಂಬೈಯ ಒಂದು ವೃತ್ತಿಪರ ಫುಟ್‌ಬಾಲ್ ಕ್ಲಬ್ಬಿನ ಮಹಿಳಾ ತಂಡದ ಆಡಳಿತವೆಲ್ಲ ನನ್ನ ತಲೆಯ ಮೇಲಿದೆ. ಪರೇಲ್‌ನಲ್ಲಿ, ಹಿಂದೆ ಬಟ್ಟೆ ಗಿರಣಿ ಇದ್ದ ಜಾಗದಲ್ಲಿ ಎದ್ದ ಗಾಜಿನ ಬಿಲ್ಡಿಂಗಿನಲ್ಲಿ ಆಫೀಸು. "ಮಗಳು ದಿನಾ ಪರೇಲ್‌ಗೆ ಹೋಗ್ತಾಳೆ" ಎಂದು ಅಮ್ಮ ಹೇಳಿದಾಗ, ಪರೇಲ್ ಅಂದರೆ ದೊಡ್ಡಾಸ್ಪತ್ರೆಗಳೇ ಎಂದುಕೊಂಡಿದ್ದ ಚೆಂಬೂರಿನ ನಮ್ಮ ಕಾಲೊನಿಯ ಹೆಂಗಸರು ಮುಖ ಸಣ್ಣ ಮಾಡಿಕೊಂಡು, ಯಾವ ಆಸ್ಪತ್ರೆ, ಯಾವ ಡಾಕ್ಟರು ಎಂದು ವಿಚಾರಿಸುತ್ತಿದ್ದರು.

ಆಡುವ ದಿನಗಳಲ್ಲಿ ಆಫೀಸಿನವರನ್ನು ಕಂಡರೆ ನಮಗೆ ಆಗುತ್ತಿರಲಿಲ್ಲ. ಬೂಟಿಗೆ ಕೆಸರು ತಾಗೀತೆಂದು ಮೈದಾನದಲ್ಲಿ ತುದಿಗಾಲಲ್ಲಿ ನಡೆಯುವವರು ಎಂದು ಆಡಿಕೊಳ್ಳುತ್ತಿದ್ದೆವು. ಈಗ ನಾನೇ ಆ ಜಾತಿಗೆ ಸೇರಿದ್ದೇನೆ. ಬಸ್ಸು ಹೈವೇಯಲ್ಲಿ ಕೆಟ್ಟು ನಿಂತರೆ ನನಗೆ ಫೋನು. ಹಾಸ್ಟೆಲಿನ ಉಪ್ಪಿಟ್ಟು ಗಂಟಾದರೆ ನನಗೆ ಫೋನು. ಸೆಮಿಫೈನಲಿನ ದಿನವೇ ಗಂಡಿನ ಕಡೆಯವರು ನೋಡಲು ಬರುತ್ತಾರೆ, ಹುಡುಗಿಯನ್ನು ಕಳಿಸಿ ಎಂದು ತಾಯಂದಿರು ಗೋಗರೆಯುವುದೂ ನನ್ನ ಹತ್ತಿರವೇ. ಇದೆಲ್ಲ ನನಗೆ ಖುಷಿಯ ಕೆಲಸ, ಸುಳ್ಳು ಯಾಕೆ ಹೇಳಲಿ. ಕಷ್ಟದ್ದು ಒಂದೇ. ಸೀಸನ್ ಮುಗಿದ ಮೇಲೆ ಯಾರ ಒಪ್ಪಂದ ಮುಂದುವರಿಯುವುದಿಲ್ಲವೋ ಅವರಿಗೆ ಅದನ್ನು ಹೇಳುವುದು.

ಬೇರೆ ಕ್ಲಬ್ಬುಗಳಲ್ಲಿ ಇದಕ್ಕೆ ಇಮೇಲ್ ಕಳಿಸುತ್ತಾರೆ. ಅದನ್ನು ಕೇಳಿದರೇ ನನಗೆ ಮೈ ಉರಿಯುತ್ತದೆ. ಉಡುಪಿ ಕಡೆಯಿಂದ ಬಂದ ನನ್ನಪ್ಪ ಚೆಂಬೂರಿನ ಒಂದು ಹೋಟೆಲಿನ ಗಲ್ಲಾದಲ್ಲಿ ಕೂತವರು. ಕೆಲಸದವರಲ್ಲಿ ಯಾರನ್ನಾದರೂ ಬಿಡಿಸಬೇಕಾದಾಗ ಮಾಲೀಕರು ಆ ಪೀಡೆಯನ್ನು ಅಪ್ಪನ ತಲೆಗೆ ಕಟ್ಟುತ್ತಿದ್ದರು. ಅಪ್ಪ ಆ ಮನುಷ್ಯನನ್ನು ಗಿರಾಕಿಗಳ ಮೇಜಿನಲ್ಲೇ ಕೂರಿಸಿ, ಮಜ್ಜಿಗೆಯ ತನಕ ಊಟ ಮಾಡಿಸಿ, ಅವನು ಕೈ ತೊಳೆದು ಬಂದ ಮೇಲೆ ವಿಷಯ ತೆಗೆಯುತ್ತಿದ್ದರು. ಹಸಿದವನಿಗೆ ಕೆಟ್ಟ ಸುದ್ದಿ ಹೇಳಬಾರದು ಎಂಬುದು ಅವರ ನಿಯಮ. ನಾನೂ ಅದನ್ನೇ ಹಿಡಿದುಕೊಂಡೆ. ಹುಡುಗಿಯನ್ನು ಮಾಟುಂಗಾದ ಹೋಟೆಲಿಗೆ ಕರೆದುಕೊಂಡು ಹೋಗಿ, ಮಸಾಲೆ ದೋಸೆ, ಶೀರಾ, ಕಾಫಿ ಎಲ್ಲ ಆದ ಮೇಲೆ ಮೆಲ್ಲಗೆ ಹೇಳುತ್ತಿದ್ದೆ. ಆಟಗಾರ್ತಿಯರನ್ನು ನನ್ನಷ್ಟು ನಯವಾಗಿ ಬೀಳ್ಕೊಡುವವರು ಈ ಊರಿನಲ್ಲೇ ಇಲ್ಲ ಎಂದು ಒಳಗೊಳಗೇ ಬೀಗುತ್ತಿದ್ದೆ.

ಹೋದ ಸೀಸನ್ನಿನಲ್ಲಿ ಸರದಿ ನಮ್ಮ ಗೋಲ್‌ಕೀಪರಳದು.

ಅವಳು ವಡಾಲದವಳು. ವಿಜಯಪುರದ ಕಡೆಯಿಂದ ಬಂದ ಟೈಲರ್ ಒಬ್ಬರ ಮಗಳು. ಮನೆಯಲ್ಲಿ ದಖನಿ ಉರ್ದು, ನನ್ನ ಜೊತೆ ಮಾತ್ರ ಕನ್ನಡ. ವರ್ಷಗಟ್ಟಲೆ ನಾನು ಅವಳ ಮುಂದೆ ಎಡಗಡೆ ನಿಂತು ಆಡಿದ್ದೇನೆ, ಅವಳು ನನ್ನ ಬೆನ್ನ ಹಿಂದೆ ನಿಂತು ಬೈದಿದ್ದಾಳೆ. "ಲೇ, ನಿದ್ದಿ ಮಾಡಾಕತ್ತೀಯೇನು? ನಿನ್ನ ಹಿಂದ ಬಂದಾಳ ನೋಡು!" ಎದುರಾಳಿಗಳಿಗೆ ಕನ್ನಡ ಬಾರದ ಕಾರಣ ನಮ್ಮ ಗುಟ್ಟೆಲ್ಲ ಮೈದಾನದಲ್ಲಿ ಬಹಿರಂಗವಾಗಿಯೇ ನಡೆಯುತ್ತಿತ್ತು. ನಮ್ಮ ಕಾಲದವರಲ್ಲಿ ಇನ್ನೂ ಆಡುತ್ತಿದ್ದವಳು ಅವಳೊಬ್ಬಳೇ, ತಂಡದ ಕ್ಯಾಪ್ಟನ್ ಕೂಡ. ಕ್ಲಬ್ಬಿನ ಯಜಮಾನರಾದ ಸೇಠ್ ಒಂದು ದಿನ ನನ್ನನ್ನು ಕರೆದು, ಅವಳಿಗೆ ವಯಸ್ಸಾಯಿತು, ಹೊಸ ಕೀಪರ್ ಬೇಕು, ನೀವೇ ಹೇಳಿಬಿಡಿ ಎಂದರು. "ಇಮೋಷನಲ್ ಮತ್ ಹೋನಾ" ಎಂದು ಮೇಲೊಂದು ಉಪದೇಶ. ನಾನು ಆಗಲೇ ಭಾವುಕಳಾಗಿಬಿಟ್ಟಿದ್ದೆ. ಅವಳ ಆಟವನ್ನು ನನ್ನ ಬಾಯಿಂದ ಮುಗಿಸಿ, ಆಮೇಲೆ ಅವಳ ಗೆಳತಿಯಾಗಿ ಉಳಿಯುವುದು ಹೇಗೆ? ಇದೊಂದೇ ಯೋಚನೆ ನನ್ನನ್ನು ಕೊರೆಯತೊಡಗಿತು.

ಹೇಗೋ ಮನಸ್ಸು ಗಟ್ಟಿ ಮಾಡಿ ಫೋನ್ ಹಚ್ಚಿದೆ. "ಮಾಟುಂಗಾಕ್ಕೆ ಬಾ ಮಾರಾಯ್ತಿ, ದೋಸೆ ತಿನ್ನುವ."

"ನಕ್ಕೋ. ರೋಜಾ ಐತಿ."

ರಮಜಾನ್ ಉಪವಾಸ ಶುರುವಾದದ್ದು ನನಗೆ ಮರೆತೇ ಹೋಗಿತ್ತು. ಹಾಗಾದರೆ ಸಂಜೆ ಇಫ್ತಾರ್ ನನ್ನ ಕಡೆಯಿಂದ ಎಂದೆ. "ಮನ್ಯಾಗ ಅಮ್ಮಿ ಕಾಯ್ತಿರ್ತಾಳ" ಎಂದಳು. ಈದ್ ಆಗಲಿ ಎಂದು ಕಾದೆ. ಈದ್ ಆದ ಮೇಲೆ ಕರೆದರೆ, "ಈದ್ ಆದಮ್ಯಾಲ ಆರು ರೋಜಾ ಹಿಡೀತೀವಿ, ಭಾಳ ಪುಣ್ಯ ಬರ್ತೈತಿ" ಎಂದಳು. ಇಷ್ಟು ವರ್ಷ ಎಂದೂ ಹಿಡಿಯದವಳಿಗೆ ಈ ಸಲ ಪುಣ್ಯದ ಆಸೆ ಹುಟ್ಟಿತ್ತು. ಅದು ಮುಗಿದ ಮೇಲೆ ಹೊಟ್ಟೆ ಸರಿಯಿಲ್ಲ, ಆಮೇಲೆ ಚಿಕ್ಕಪ್ಪನ ಮಗನ ಮದುವೆ. ನಾನು ಪೆದ್ದಿ, ಎಲ್ಲವನ್ನೂ ನಂಬಿದೆ. ನಿಜ ಹೇಳಬೇಕೆಂದರೆ ಅವಳು ಬೇಡ ಎಂದಾಗಲೆಲ್ಲ ನನಗೂ ಹಾಯೆನಿಸುತ್ತಿತ್ತು.

ನನ್ನ ಕಣ್ಣು ತೆರೆಸಿದ್ದು ಒಂದು ವಡಾಪಾವ್. ಪ್ರಾಕ್ಟೀಸ್ ಮುಗಿದ ಮೇಲೆ ಮೈದಾನದ ಗೇಟಿನಲ್ಲಿ ಎರಡು ಕಟ್ಟಿಸಿಕೊಂಡಿದ್ದೆ. ನಮ್ಮ ಹೊಸ ಫಾರ್ವರ್ಡ್ ಎದುರಿಗೆ ಬಂದಳು. ಚೆಂಬೂರಿನದೇ ಕನ್ನಡದ ಹುಡುಗಿ, ಆದರೆ ಕನ್ನಡ ಅವಳ ಬಾಯಲ್ಲಿ ಎಡವಿ ಎಡವಿ ಬರುತ್ತದೆ. ತಗೋ ಎಂದು ಒಂದನ್ನು ಚಾಚಿದೆ. ಹುಡುಗಿ ಕೈ ಹಿಂದಕ್ಕೆಳೆದುಕೊಂಡಳು. ಕಣ್ಣಲ್ಲಿ ನೀರು.

"ಮ್ಯಾಮ್, ನಾನು ಔಟ್ ಆಯ್ತಾ?"

"ಎಂತ ಔಟು? ವಡಾಪಾವ್ ಮಾರಾಯ್ತಿ ಇದು."

"ನೀವು ತಿನ್ನಕ್ಕೆ ಕೊಟ್ಟ್ರೆ ಪ್ಲೇಯರ್ ಔಟ್, ಮ್ಯಾಮ್. ಸಬ್‌ಕೋ ಪತಾ ಹೈ. ಮಾಟುಂಗಾ ಅಂದ್ರೆ ಖತಂ."

ನಾನು ಬಿದ್ದು ಬಿದ್ದು ನಕ್ಕೆ. ಅವಳಿಗೆ ಸಮಾಧಾನವಾಗಲಿ ಎಂದು ಎರಡನ್ನೂ ಅಲ್ಲೇ ನಿಂತು ನಾನೇ ತಿಂದು ತೋರಿಸಿದೆ. ಎರಡನೆಯದು ಗಂಟಲಲ್ಲಿ ಇಳಿಯುವಾಗ ವಿಷಯ ಹೊಳೆಯಿತು. ಈ ಹುಡುಗಿಗೆ ಗೊತ್ತಿರುವುದು ಕ್ಯಾಪ್ಟನ್‌ಗೆ ಗೊತ್ತಿಲ್ಲವೇ? ಗೆಲ್ಲುತ್ತಿರುವ ಪಂದ್ಯದ ಕೊನೆಯಲ್ಲಿ ಕೀಪರ್‌ಗಳು ಚೆಂಡನ್ನು ಅಪ್ಪಿ ಹಿಡಿದು, ಬೂಟಿನ ಲೇಸ್ ಕಟ್ಟಿ, ಗ್ಲೌಸ್ ಸರಿಮಾಡಿ ಹೊತ್ತು ಕಳೆಯುತ್ತಾರೆ. ನನ್ನ ಗೆಳತಿ ತಿಂಗಳುಗಳಿಂದ ಅದನ್ನೇ ಮಾಡುತ್ತಿದ್ದಳು. ಇನ್ನೂ ಆಡುವ ಆಸೆ ಅವಳಿಗೆ ಅಷ್ಟು ಇದೆ ಎಂದುಕೊಂಡೆ.

ಮರುದಿನ ಸೀದಾ ಸೇಠ್ ಕೋಣೆಗೆ ನುಗ್ಗಿದೆ. ನನ್ನ ಸಿಟ್ಟು ಕ್ಲಬ್ಬಿನಲ್ಲಿ ಹೆಸರುವಾಸಿ, ಅವರು ಮೊದಲೇ ಫ್ಯಾನ್ ಜೋರು ಮಾಡಿದರು. ಹೊಸ ಕೀಪರ್ ಬೇಕಾದರೆ ತನ್ನಿ, ಆದರೆ ಅವಳಿಗೆ ಕಲಿಸುವವರು ಯಾರು ಎಂದು ಕೇಳಿದೆ. ಇವಳು ಗೋಲಿನಲ್ಲಿ ನಿಂತರೆ ಮುಂದಿರುವ ನಾಲ್ವರ ಎದೆಬಡಿತ ಹದಕ್ಕೆ ಬರುತ್ತದೆ, ಅದನ್ನು ನಿಮ್ಮ ಲ್ಯಾಪ್‌ಟಾಪಿನವರು ಎಲ್ಲಿ ಅಳೆಯುತ್ತಾರೆ ಎಂದೆ. ಹಾಗೂ ಬೇಡವೆಂದರೆ ಇವಳಿಗೆ ನೀವೇ ಹೇಳಿ, ನನ್ನಿಂದಾಗದು ಎಂದೆ. ಅವಳಿಗೆ ತಾವೇ ಹೇಳಬೇಕಾಗುತ್ತದೆ ಎಂದು ತಿಳಿದೊಡನೆ ಸೇಠ್ ಮೆತ್ತಗಾದರು. ಒಂದೇ ವರ್ಷ, ಆಮೇಲೆ ತಮ್ಮ ತಲೆ ತಿನ್ನಬಾರದು ಎಂದು ಒಪ್ಪಿ, ಒಪ್ಪಂದಕ್ಕೆ ಸಹಿ ಹಾಕಿದರು. ಲೆಫ್ಟ್ ಬ್ಯಾಕ್ ಆಗಿ ಎಂದೂ ಗೋಲು ಹೊಡೆಯದ ನನಗೆ ಅಂದು ಗೋಲು ಹೊಡೆದಷ್ಟು ಖುಷಿಯಾಯಿತು.

ಫೋನ್ ಮಾಡೋಣ ಎನ್ನುವಷ್ಟರಲ್ಲಿ ಅವಳದೇ ಬಂತು. "ರವಿವಾರ ಮನೀಗಿ ಬಾ. ಊಟಕ್ಕ."

ರವಿವಾರ ಹಾರ್ಬರ್ ಲೈನಿನಲ್ಲಿ ಹಳಿ ರಿಪೇರಿಯ ಮೆಗಾ ಬ್ಲಾಕ್. ಲೋಕಲ್ ರೈಲಿಲ್ಲದೆ ಬಸ್ಸಿನಲ್ಲಿ ಜೋತಾಡಿಕೊಂಡು ವಡಾಲ ಸೇರಿದಾಗ ಮಧ್ಯಾಹ್ನವಾಗಿತ್ತು. ಒಪ್ಪಂದ ಬ್ಯಾಗಿನಲ್ಲಿತ್ತು. ಬಾಗಿಲಲ್ಲೇ ಹೇಳಿಬಿಡಬೇಕೆಂದಿದ್ದೆ. ಆದರೆ ಅವಳು ಬಿಡಲಿಲ್ಲ, ಕೈ ಹಿಡಿದು ಕೂರಿಸಿ ತಟ್ಟೆ ಇಟ್ಟಳು. ಬಿಸಿ ಜೋಳದ ರೊಟ್ಟಿ, ಎಣ್ಣೆಗಾಯಿ, ಮಟನ್ ಸಾರು. ಅವಳ ಅಮ್ಮಿ ಒಳಗೆ ರೊಟ್ಟಿ ಬಡಿಯುತ್ತಿದ್ದ ಸದ್ದು. ಹಸಿವಿಗೆ ನಾನು ಮಾತು ಮರೆತು ತಿಂದೆ. ಎಷ್ಟೋ ಹೊತ್ತಿನ ಮೇಲೆ ತಲೆ ಎತ್ತಿ ನೋಡಿದರೆ ಅವಳ ಮುಂದೆ ತಟ್ಟೆ ಇರಲಿಲ್ಲ. ಎದುರಿಗೆ ಕೂತು ನಾನು ತಿನ್ನುವುದನ್ನು ನೋಡುತ್ತಿದ್ದಳು.

"ಆತೇನು? ಕೈ ತೊಳ್ಕೊ" ಎಂದಳು. ಬಹಳ ಮೆತ್ತಗಿನ ದನಿ.

ಆ ದನಿ ನನಗೆ ಗೊತ್ತು. ಮಾಟುಂಗಾದಲ್ಲಿ ಕಾಫಿ ಮುಗಿದ ಮೇಲೆ ನಾನು ತೆಗೆಯುವ ದನಿ ಅದು.

"ಇಲ್ಲ, ಇನ್ನೊಂದು ರೊಟ್ಟಿ ಹಾಕು" ಎಂದೆ. ಹಾಕಿದಳು. ಹೊಟ್ಟೆ ಬಿರಿಯುತ್ತಿದ್ದರೂ ಸಣ್ಣ ಸಣ್ಣ ಚೂರು ಮಾಡಿ ತಿಂದೆ. ಅದೂ ಮುಗಿಯಿತು.

"ನಾ ಈ ಸಲ ಆಡಂಗಿಲ್ಲ. ಬಿಟ್ಟೆ."

"ಬಿಟ್ಟೆ ಅಂದ್ರೆ ಎಂತದು? ಯಾರನ್ನ ಕೇಳಿ ಬಿಟ್ಟೆ?" ನನಗೆ ಸಿಟ್ಟು ನೆತ್ತಿಗೇರಿತು. ಊಟ ಹಾಕಿದರೆ ಏರುವುದಿಲ್ಲ ಎನ್ನುವುದೆಲ್ಲ ಸುಳ್ಳು.

"ಚೆಂಡು ಕಾಣಸ್ತೈತಿ, ಮೈ ಹೋಗಂಗಿಲ್ಲ. ಮೊದಲ ಸುಮ್ನ ಬೀಳ್ತಿದ್ದೆ. ಈಗ ಬೀಳೂಕಿನ ಮೊದಲ, ಏಳೂದು ಹ್ಯಾಂಗ ಅಂತ ಯೋಚನಿ ಬರ್ತೈತಿ. ಆ ಯೋಚನಿ ಬಂದಕಿ ಗೋಲ್‌ನ್ಯಾಗ ನಿಂದರಬಾರದು."

"ಮತ್ತೆ ಇಷ್ಟು ದಿನ ನನ್ನಿಂದ ಯಾಕೆ ತಪ್ಪಿಸಿಕೊಂಡೆ?"

"ನೀ ಹೇಳಿದ್ರ ನೀನ ತಗದಂಗ ಆಕ್ಕಿತ್ತು. ಆಮ್ಯಾಲ ಒಬ್ಬರ ಮುಖಾ ಒಬ್ಬರು ಹ್ಯಾಂಗ ನೋಡೂದು? ನಾನ ಮೊದಲ ಹೇಳಬೇಕಂತ ಮಾಡಿದ್ದೆ. ಧೈರ್ಯ ಬರಲಿಲ್ಲ, ಅದಕ್ಕ ಇಷ್ಟ ದಿನ ಹಿಡೀತು."

ನನ್ನನ್ನು ಕೊರೆಯುತ್ತಿದ್ದದ್ದೇ ಅವಳನ್ನೂ ಕೊರೆದಿತ್ತು. ಅವಳು ನನ್ನನ್ನು ಕಾಪಾಡಲು ಆರು ಉಪವಾಸ ಹೆಚ್ಚಿಗೆ ಮಾಡಿದ್ದಳು. ನಾನು ಅತ್ತೆ, ಎಂಜಲು ಕೈಯಲ್ಲೇ ಅತ್ತೆ. ಅವಳು ನಕ್ಕಳು. ಕೈ ತೊಳೆದು ಬಂದು, ಇನ್ನು ಇದರಿಂದ ಏನು ಪ್ರಯೋಜನ ಎಂದುಕೊಳ್ಳುತ್ತಲೇ ಒಪ್ಪಂದವನ್ನು ತೆಗೆದು ಅವಳ ಮುಂದಿಟ್ಟೆ.

ಅವಳು ಅದನ್ನು ಮೊದಲಿನಿಂದ ಕೊನೆಯ ತನಕ ಓದಿದಳು. ಸೇಠ್ ಸಹಿಯ ಮೇಲೆ ಬೆರಳಿಟ್ಟು ನೋಡಿದಳು. ಆಮೇಲೆ ಅಡುಗೆಮನೆಯ ಕಡೆ ತಿರುಗಿ, ಎದುರು ಗೋಲಿನ ತನಕ ಕೇಳಿಸುವ ತನ್ನ ಹಳೆಯ ದನಿಯಲ್ಲಿ ಕೂಗಿದಳು: "ಅಮ್ಮಿ! ಕ್ಲಬ್‌ಕು ಅಬ್ಬಿ ಮೈಚ್ ಹೋನಾ ಕತೆ!" ಕ್ಲಬ್ಬಿಗೆ ಈಗಲೂ ತಾನೇ ಬೇಕಂತೆ ಎಂದು. ಅಮ್ಮಿ ಹಿಟ್ಟಿನ ಕೈಯಲ್ಲೇ ಹೊರಗೆ ಬಂದು ಮಗಳ ತಲೆ ಸವರಿದರು. ಗೆಳತಿಯ ಮುಖ ಅಷ್ಟು ಅರಳಿದ್ದನ್ನು ಪೆನಾಲ್ಟಿ ತಡೆದಾಗಲೂ ನಾನು ಕಂಡಿರಲಿಲ್ಲ.

ಮನಸ್ಸು ಬದಲಾಯಿತೇನೋ ಎಂದು ನಾನು ಪೆನ್ನು ಚಾಚಿದೆ.

ಅವಳು ಪೆನ್ನು ಮುಟ್ಟಲಿಲ್ಲ. ಕಾಗದವನ್ನು ನೀಟಾಗಿ ಮಡಚಿ, ಕಪಾಟಿನಲ್ಲಿ ಮೆಡಲುಗಳ ಕೆಳಗೆ ಇಟ್ಟು ಬೀಗ ಹಾಕಿದಳು.

"ಸಹಿ ಯಾಕ ಬೇಕು?" ಎಂದಳು. "ಬೇಕು ಅಂದ್ರಲ್ಲ, ಅಷ್ಟ ಸಾಕು."