ವರ್ಲೀನಳ ಕುರ್ಚಿ

ಅಮೆರಿಕದ ನೆಬ್ರಾಸ್ಕದ ಒಂದು ಪುಟ್ಟ ಊರಲ್ಲಿ ಮಕ್ಕಳ ಸ್ಪೆಲಿಂಗ್ ಸ್ಪರ್ಧೆ ಅಂದರೆ ವರ್ಲೀನಳ ದನಿ. ದನದ ಮೇವಿನ ಅಂಗಡಿಯ ಗಲ್ಲಾದಲ್ಲಿ ಕೂತೇ ಅಪರೂಪದ ಪದಗಳನ್ನು ಬಾಯಿಪಾಠ ಮಾಡುತ್ತಿದ್ದಳು. ಸ್ಪರ್ಧೆಯಲ್ಲಿ ಪದ ಓದಿ, ಮಗು ಕೇಳಿದರೆ ಅರ್ಥ ಹೇಳುವ ಕುರ್ಚಿ ಅವಳದು. ಈ ಸಲ ಅದನ್ನು ರೇಡಿಯೋದಲ್ಲಿ ಹವಾಮಾನ ಓದುವ ಕೊರಿನ್‌ಗೆ ಕೊಟ್ಟರು. ವರ್ಲೀನಳಿಗೆ ಮೇಜಿನ ಮೇಲಿನ ಗಂಟೆ. ತಪ್ಪಾದಾಗ ತೀರ್ಪುಗಾರ ತಲೆ ಆಡಿಸುತ್ತಾನೆ, ಆಗ ಒತ್ತಬೇಕು, ಅಷ್ಟೇ.

"ಗಂಟೆ ಹೊಡೆಯೋದೂ ಮರ್ಯಾದೆ ಕೆಲಸಾನೇ ಕಣೇ," ಎಂದ ಗಂಡ ಡೆಲ್ಮರ್, ರೇಡಿಯೋದಲ್ಲಿ ಕೊರಿನ್‌ ದನಿಗೆ ಕಿವಿಕೊಟ್ಟುಕೊಂಡೇ.

"ಹಸುವಿನ ಕೊರಳಲ್ಲೂ ಇರತ್ತೆ ಗಂಟೆ. ಯಾರು ಮರ್ಯಾದೆ ಕೊಟ್ಟರು ಅದಕ್ಕೆ?"

ಸ್ಪರ್ಧೆಯ ದಿನ ಶಾಲೆಯ ಒಳಾಂಗಣ ಜಿಮ್ ತುಂಬ ಜನ. ಕೊರಿನ್ ಎಲ್ಲಾದರೂ ಎಡವಲಿ, ಕುರ್ಚಿ ತನಗೆ ವಾಪಸ್ ಬರಲಿ ಎಂದು ವರ್ಲೀನ್ ಕಾಯುತ್ತಿದ್ದಳು. ಮರಿಬೆಲ್ ಎಂಬ ಹುಡುಗಿಗೆ ಬಂದ ಪದ 'ಬೋರ್ಬರಿಗ್ಮಸ್'.

"ಅರ್ಥ ಹೇಳ್ತೀರಾ?"

"ಹೊಟ್ಟೆ ಗುರುಗುಟ್ಟೋ ಸದ್ದು, ಪುಟ್ಟಾ. ತಿಂಡಿ ತಿನ್ನದೆ ಬಂದೆ, ಕೇಳಿಸ್ತಾ?" ಎಂದು ಕೊರಿನ್ ಹೊಟ್ಟೆ ತಟ್ಟಿಕೊಂಡಳು. ಜಿಮ್ ಎಲ್ಲ ನಕ್ಕಿತು.

ಹೊಟ್ಟೆ ತಟ್ಟಿ ಮಕ್ಕಳ ಭಯ ಬಿಡಿಸೋದು ವರ್ಲೀನಳದೇ ವರಸೆ. ಅವಳಿಗೆ ಮೈಯೆಲ್ಲ ಉರಿಯಿತು. ಮರಿಬೆಲ್ ನಾಲ್ಕು ಅಕ್ಷರ ಹೇಳಿ ಉಸಿರೆಳೆದುಕೊಂಡಳು, ಅಷ್ಟರಲ್ಲಿ ಟಿಣ್! ತೀರ್ಪುಗಾರ ತಲೆ ಆಡಿಸಿರಲೇ ಇಲ್ಲ. ಹುಡುಗಿ ತಲೆ ತಗ್ಗಿಸಿ ವೇದಿಕೆಯ ಮೆಟ್ಟಿಲು ಇಳಿಯತೊಡಗಿದಳು.

"ಕೈ ತಾಗಿರಬೇಕು ಪಾಪ, ವರ್ಲೀನಮ್ಮಂಗೆ," ಎಂದಳು ಕೊರಿನ್, ಮೆತ್ತಗೆ.

ಆ ಕನಿಕರ ಇನ್ನೂ ಚುಚ್ಚಿತು. ವರ್ಲೀನ್ ಎದ್ದು ನಿಂತಳು. "ತಾಗಿದ್ದಲ್ಲ. ಸಿಟ್ಟಲ್ಲಿ ನಾನೇ ಒತ್ತಿದೆ. ಬಾ ಮಗಳೇ, ನಿಂದೇನೂ ತಪ್ಪಿಲ್ಲ."

ತೀರ್ಪುಗಾರ ಹೂಂ ಎಂದ. ಮರಿಬೆಲ್ ಮೈಕಿನ ಮುಂದೆ ಬಂದು ಕಣ್ಣೊರೆಸಿಕೊಂಡಳು. "ಪದ ಇನ್ನೊಂದ್ಸಲ ಹೇಳ್ತೀರಾ?"

ಇಬ್ಬರು ಹೆಂಗಸರೂ ಬಾಯಿ ತೆರೆದರು. ವರ್ಲೀನ್ ಮುಚ್ಚಿಕೊಂಡಳು. ಕೊರಿನ್ 'ರಿಗ್' ಮೇಲೆ ಒತ್ತು ಕೊಟ್ಟು, ಅವಸರ ಮಾಡದೆ ಹೇಳಿದಳು. ಎಷ್ಟು ಹುಡುಕಿದರೂ ಒಂದು ಕೊಂಕಿಲ್ಲ. ಹುಡುಗಿ ಪದ ಮುಗಿಸುವ ತನಕ ವರ್ಲೀನ್ ಎರಡೂ ಕೈಗಳನ್ನು ತೊಡೆಯಡಿ ಇಟ್ಟುಕೊಂಡು ಕೂತಳು. ಗಂಟೆ ಬೇಕಾಗಲಿಲ್ಲ.

ಮನೆಗೆ ಬಂದಾಗ ಡೆಲ್ಮರ್ ಕೇಳಿದ, "ಹೇಗೆ ಓದಿದಳು?"

"ಚೆನ್ನಾಗೇ ಓದ್ತಾಳೆ. ಇನ್ಮೇಲೆ ಕುರ್ಚಿ ಅವಳದೇ." ಕೋಟು ಬಿಚ್ಚಿ ಮೊಳೆಗೆ ಹಾಕಿದಳು. "ಮೊದಲು ಆ ರೇಡಿಯೋ ಆರಿಸು."