ಮಿಕ್ ಹಿಡಿದಿಟ್ಟ ಎರಡು ಕುರ್ಚಿ

ಪರ್ತ್‌ಗೆ ಬಂದ ಮೊದಲ ವಾರವೇ ನಮ್ಮ ಅಡುಗೆಮನೆಯ ಸಿಂಕ್ ಕಟ್ಟಿಕೊಂಡಿತು. ರಿಪೇರಿಗೆ ಬಂದ ಪ್ಲಂಬರ್ ಹೊಸಿಲಾಚೆ ಬೂಟು ಬಿಟ್ಟು ಒಳಬಂದು, ಸಿಂಕಿನ ಕೆಳಗೆ ತಲೆ ತೂರಿಸಿ ಮಲಗಿದ್ದ. ಅಷ್ಟರಲ್ಲಿ ಬೀದಿಯ ಮಕ್ಕಳೆಲ್ಲ ಚೆಂಡು, ಟೋಪಿ ಹಿಡಿದು ಬಾಗಿಲಿಗೆ ಬಂದು ಅವನ ಸಹಿ ಕೇಳಿದವು. ನಾನು ತಬ್ಬಿಬ್ಬಾದೆ. ಅವನು ಊರಿನ ಬೇಸ್‌ಬಾಲ್ ತಂಡದ ಕ್ಯಾಚರ್ ಮಿಕ್. ನಮ್ಮಲ್ಲಾದರೆ ಅಂಥ ಆಟಗಾರನ ಮನೆಯ ಗೇಟನ್ನೂ ಮುಟ್ಟಲು ಬಿಡುವುದಿಲ್ಲ. ಇಲ್ಲಿ ಬೇಸ್‌ಬಾಲ್ ಹೊಟ್ಟೆ ತುಂಬಿಸುವುದಿಲ್ಲ. ವಾರದಲ್ಲಿ ಐದು ದಿನ ಪೈಪು, ಕೊನೆಯ ಎರಡು ದಿನ ಆಟ.

ಕಾಫಿ ಕೊಟ್ಟೆ. ಲೋಟ ಹಿಡಿದ ಬೆರಳುಗಳು ಶುಂಠಿಯಂತೆ ಸೊಟ್ಟಗಿದ್ದವು. ಬ್ಯಾಟಿನವನ ಹಿಂದೆ ಕುಕ್ಕರಗಾಲಲ್ಲಿ ಕೂತು, ಎಸೆದ ಚೆಂಡು ಹಿಡಿಯುವುದು ಕ್ಯಾಚರ್ ಕೆಲಸ. ಹತ್ತೊಂಬತ್ತಕ್ಕೇ ಅಮೆರಿಕದ ಸಣ್ಣ ತಂಡವೊಂದಕ್ಕೆ ಹೋಗಿ, ಭುಜ ಕೆಡಿಸಿಕೊಂಡು ವಾಪಸಾಗಿದ್ದ. "ಅಲ್ಲಿ ಒಬ್ಬ ಅಜ್ಜಿ ಪ್ರತಿ ಭಾನುವಾರ ಊಟಕ್ಕೆ ಕರೀತಿದ್ದಳು. ಅವಳಿಲ್ಲದಿದ್ರೆ ನಂಗೆ ಹುಚ್ಚು ಹಿಡೀತಿತ್ತು" ಎಂದ. ನನ್ನ ಗಂಡ ಎರಡೆರಡು ವಾರ ಗಣಿಯಲ್ಲೇ ಇರುತ್ತಿದ್ದರು; ಮನೆಯಲ್ಲಿ ನಾನು ಮತ್ತು ಮಗಳು ಅನಘಾ. ಮಿಕ್‌ಗೆ ಅದು ಅರ್ಥವಾಗಿರಬೇಕು. "ಶನಿವಾರ ಆರ್ವೋ ಮ್ಯಾಚಿದೆ, ಇಬ್ಬರೂ ಬನ್ನಿ" ಎಂದ. ಆರ್ವೋ ಅಂದರೆ ಇಲ್ಲಿ ಮಧ್ಯಾಹ್ನ.

"ಖಂಡಿತ ಬರ್ತೀವಿ" ಎಂದೆ.

ಮೈಸೂರಿನಲ್ಲಿ ಬಾಗಿಲಿಗೆ ಬಂದು ಕರೆದವರಿಗೆ ಬೇರೇನು ಹೇಳುತ್ತೇವೆ? ಕರೆದವರೂ ಅದನ್ನೇ ನಂಬಿ ಎಲೆ ಹಾಕುವುದಿಲ್ಲ. ಇಲ್ಲಿ ಹಾಕುತ್ತಾರೆ. ಮುಂದಿನ ವಾರ ಅಂಗಡಿಯಲ್ಲಿ ಸಿಕ್ಕ ಅವನ ಹೆಂಡತಿ ಜೆನ್, ಮೊದಲ ಸಾಲಿನಲ್ಲಿ ನಮಗಾಗಿ ಮಿಕ್ ಎರಡು ಕುರ್ಚಿ ಹಿಡಿದಿಟ್ಟಿದ್ದ ಎಂದಳು. ಸಾರಿ, ಮುಂದಿನ ಸಲ ಖಂಡಿತ ಎಂದೆ. ಮೂರು ಬೇಸಿಗೆ ಹೀಗೇ ಕಳೆದವು. ಸೋತ ದಿನವೂ ಕೊನೆಯ ಮಗುವಿಗೆ ಸಹಿ ಹಾಕದೆ ಅವನು ಮೈದಾನ ಬಿಡುತ್ತಿರಲಿಲ್ಲವಂತೆ. ನಾನು ನೋಡಿದ್ದಿಲ್ಲ.

ತನ್ನ ವಿದಾಯದ ಆಟಕ್ಕೆ ಕರೆಯಲು ಮಿಕ್ ತಾನೇ ಬಂದ. ಖಂಡಿತ ಎಂದೆ. ಅದೇ ದಿನ ನಮ್ಮವರೊಬ್ಬರ ಮನೆಯಲ್ಲಿ ಸತ್ಯನಾರಾಯಣ ಪೂಜೆ ಇತ್ತು. ನಾನು ಸೀರೆಯ ನೆರಿಗೆ ಹಿಡಿಯುತ್ತಿದ್ದಾಗ ಅನಘಾ, "ಅಮ್ಮ, ಯು ಟೋಲ್ಡ್ ಹಿಮ್ ಯೆಸ್" ಎಂದಳು.

"ಅವನಿಗೆ ಸಾವಿರ ಜನ ಇರ್ತಾರೆ ಕಣೇ. ನಾವು ಹೋಗದಿದ್ರೆ ಗೊತ್ತೂ ಆಗಲ್ಲ."

ಗೊತ್ತಾಗಿತ್ತು. ಜೆನ್ ಹಾಕಿದ ಫೋಟೋದಲ್ಲಿ ಎಲ್ಲರೂ ಎದ್ದುನಿಂತು ಚಪ್ಪಾಳೆ ತಟ್ಟುತ್ತಿದ್ದಾರೆ, ಮಿಕ್ ಟೋಪಿ ತೆಗೆದು ನಿಂತಿದ್ದಾನೆ. ಮೊದಲ ಸಾಲಿನಲ್ಲಿ ಎರಡು ಖಾಲಿ ಕುರ್ಚಿ. ಅಂಟಿಸಿದ ಕಾಗದದ ಮೇಲೆ ನಮ್ಮ ಹೆಸರು. ಈಗಲೂ ನೆನೆದರೆ ನಾಚಿಕೆಯಾಗುತ್ತದೆ. ಫೋನ್ ಮಾಡಿ ಕ್ಷಮೆ ಕೇಳಿದೆ. "ನೋ ವರೀಸ್" ಎಂದ. ನಮ್ಮ 'ಖಂಡಿತ ಬರ್ತೀವಿ'ಯ ಹಾಗೆ ಅದೂ ಇಲ್ಲಿನವರ ಬಾಯುಪಚಾರ. ಆಮೇಲೆ ಅವನು ನಮ್ಮನ್ನು ಯಾವುದಕ್ಕೂ ಕರೆಯಲಿಲ್ಲ.

ಗಂಡನ ಕೆಲಸದ ಹಿಂದೆ ಬ್ರಿಸ್ಬೇನ್‌ಗೆ ಹೋದೆವು. ಆಗದಿದ್ದರೆ ಆಗದು ಎಂದು ನೇರವಾಗಿ ಹೇಳುವುದನ್ನು ಅಲ್ಲಿನ ಸನ್ನಿಬ್ಯಾಂಕ್ ಬಡಾವಣೆಯ ಬಾಡಿಗೆ ಮನೆಯಲ್ಲಿ ಕಲಿತೆ. ಕಳೆದ ಸಲ ಮೈಸೂರಿನಲ್ಲಿ, ಗೃಹಪ್ರವೇಶಕ್ಕೆ ಕರೆಯಲು ಬಂದ ಅತ್ತಿಗೆಗೂ ಹಾಗೆಯೇ ಹೇಳಿಬಿಟ್ಟೆ. ಅವರು ಕುಂಕುಮದ ಬಟ್ಟಲು ಹಿಡಿದುಕೊಂಡೇ ನಿಂತರು. "ಬರ್ತೀನಿ ಅಂತ ಒಂದು ಮಾತಿಗಾದ್ರೂ ಅನ್ನಬಾರದಾ?" ಎಂದರು.

ಈಗ ಅಡಿಲೇಡ್‌ನಲ್ಲಿದ್ದೇವೆ. ಪರ್ತ್ ತಂಡ ಆಡಲು ಬಂದಾಗಲೆಲ್ಲ ಒಬ್ಬಳೇ ಹೋಗುತ್ತೇನೆ. ಕ್ಯಾಚರ್ ಬೇರೆ ಯಾರೋ. ಮೊನ್ನೆ ಒಬ್ಬಾತ ಪಕ್ಕದ ಕುರ್ಚಿ ತೋರಿಸಿ, ಯಾರಾದರೂ ಬರುತ್ತಾರಾ ಎಂದು ಕೇಳಿದ. ಬರುತ್ತಾರೆ ಎಂದೆ. ಆಟ ಮುಗಿಯುವವರೆಗೂ ಅದರ ಮೇಲೆ ಕೈಯಿಟ್ಟುಕೊಂಡೇ ಕೂತಿದ್ದೆ.